ಕಾನೂನು ಸಚಿವರನ್ನು ಅಡಿಕೋಲಿನಲ್ಲಿ ಅಳೆದ ನನ್ನ ಅನುಭವ

ಉಡುಪಿಯ ನಮ್ಮ ಕಾಲೇಜಿನ ಗ್ರಂಥಾಲಯದ ಗೋಡೆಯಲ್ಲಿ ಕೇಂದ್ರದ ಕಾನೂನು ಮತ್ತು ನ್ಯಾಯ ಸಚಿವಾಲಯವನ್ನು ನಡೆಸಿದವರೆಲ್ಲರ ಪಟ್ಟಿಯೊಂದು ಈಗ ಗಟ್ಟಿಯಾಗಿ ನಿಂತಿದೆ. ಮೂರು ಬಾರಿ ಕೆಟ್ಟು ನಾಲ್ಕನೆಯ ಬಾರಿಗೆ ಕೂಡಿಬಂದ ಕೆಲಸವಿದು. “ಹೆಸರು, ಇಸವಿ ಬರೆದು ನೇತುಹಾಕಿದರೆ ಆಯಿತಲ್ಲ ಮಾರಾಯ್ರೇ, ಅದಕ್ಕೆ ಅಡಿಕೋಲು ಯಾಕೆ?” ಎಂದು ನಕ್ಕ ಸಹೋದ್ಯೋಗಿಗಳೇ ಈಗ ಬಂದವರನ್ನೆಲ್ಲ ಕರೆದು ತೋರಿಸುತ್ತಿರುವುದರಿಂದ, ಇಂಥದ್ದಕ್ಕೆ ಕೈಹಾಕುವ ಇತರ ಗ್ರಂಥಪಾಲಕರಿಗಾಗಿ ಬರೆಯುತ್ತಿದ್ದೇನೆ.

ಮೊದಲ ಪಟ್ಟಿಯಲ್ಲಿ ಕ್ರಮಸಂಖ್ಯೆ ಹಾಕಿ ಎಡವಿದೆ. ಅಶೋಕ್ ಕುಮಾರ್ ಸೇನ್ 1957ರಿಂದ 1966ರವರೆಗೆ ಇದ್ದು, 1984ರ ಕೊನೆಯಲ್ಲಿ ರಾಜೀವ್ ಗಾಂಧಿಯವರ ಸಂಪುಟದಲ್ಲಿ ಅದೇ ಖಾತೆಗೆ ಮರಳಿದರು, ಪಿ. ಶಿವಶಂಕರ್, ರಾಮ್ ಜೇಠ್ಮಲಾನಿ, ಅರುಣ್ ಜೇಟ್ಲಿ, ರವಿಶಂಕರ್ ಪ್ರಸಾದ್ ಕೂಡ ಬಿಟ್ಟ ಕುರ್ಚಿಗೆ ಇನ್ನೊಮ್ಮೆ ಬಂದವರು. ಇವರಿಗೆ ಸಂಖ್ಯೆ ಒಂದೋ ಎರಡೋ ಎಂಬಲ್ಲಿಗೆ ಲೆಕ್ಕ ನಿಂತುಹೋಯಿತು. ಎರಡನೆಯದರಲ್ಲಿ ಇಸವಿಗೊಂದು ಚೌಕ ಮಾಡಿದರೆ, 1979 ಮತ್ತು 2014 ಅದನ್ನು ಕೆಡಿಸಿದವು, ಏಕೆಂದರೆ ಎರಡೂ ವರ್ಷ ಮೂವರು ಮೂವರು. 2014ರಲ್ಲಿ ಕಪಿಲ್ ಸಿಬಲ್ ಇಳಿದು, ರವಿಶಂಕರ್ ಪ್ರಸಾದ್ ಬಂದು, ನವೆಂಬರಿನಲ್ಲಿ ನಮ್ಮ ಸುಳ್ಯದ ಡಿ. ವಿ. ಸದಾನಂದ ಗೌಡರು ಖಾತೆ ವಹಿಸಿಕೊಂಡರು. ಮೂರನೆಯದನ್ನು, ಹೆಚ್ಚು ಕಾಲ ಇದ್ದವರಿಗೆ ಹೆಚ್ಚು ಅಗಲ ಎಂಬ ಅಳತೆಗೆ ತಕ್ಕಂತೆ, ಫ್ಲೆಕ್ಸಿನಲ್ಲಿ ಮುದ್ರಿಸಲು ಕೊಟ್ಟೆ; ಅಂಗಡಿಯವರು ಅಗಲವನ್ನು ತಮ್ಮ ಅನುಕೂಲಕ್ಕೆ ಕುಗ್ಗಿಸಿದ್ದರಿಂದ ಅಳತೆಯೇ ಸುಳ್ಳಾಗಿ, ಹತ್ತಿರಹತ್ತಿರ 1,800 ರೂಪಾಯಿ ನೀರಿಗೆ ಹೋಯಿತು.

ನಾಲ್ಕನೆಯ ಸಲ ಮುದ್ರಣವನ್ನೇ ಬಿಟ್ಟು, ಒಂದು ಅಧಿಕಾರಾವಧಿಗೆ ಒಂದು ರಟ್ಟು, ಒಂದು ವರ್ಷಕ್ಕೆ ಐದು ಸೆಂಟಿಮೀಟರ್ ಎಂದು ನಿಶ್ಚಯಿಸಿ ಕೈಯಲ್ಲಿಯೇ ಕತ್ತರಿಸಿದೆ. ಹಿಂದೂ ಸಂಹಿತೆಯ ಮಸೂದೆ ಮುಂದಕ್ಕೆ ಸಾಗದೆ 1951ರಲ್ಲಿ ರಾಜೀನಾಮೆಯಿತ್ತ ಅಂಬೇಡ್ಕರರಿಗೆ ಇಪ್ಪತ್ತು ಸೆಂಟಿಮೀಟರಿಗೆ ತುಸು ಹೆಚ್ಚು, ಸೇನರ ಮೊದಲ ಅವಧಿಗೆ ನಲವತ್ತು ದಾಟಿತು. 1971ರಿಂದ 1977ರವರೆಗಿದ್ದ ಎಚ್. ಆರ್. ಗೋಖಲೆಯವರದ್ದು ಮೂವತ್ತರ ಆಸುಪಾಸು. ಅದರ ಬಲಕ್ಕೆ ಶಾಂತಿಭೂಷಣರ ರಟ್ಟು. ಅದು ಮುಗಿದಲ್ಲಿ ಎಚ್. ಆರ್. ಖನ್ನಾ. ತುರ್ತುಪರಿಸ್ಥಿತಿಯಲ್ಲಿ, 1976ರಲ್ಲಿ, ಸರ್ವೋಚ್ಚ ನ್ಯಾಯಾಲಯದ ಪೀಠದಲ್ಲಿ ಒಬ್ಬರೇ ಭಿನ್ನ ತೀರ್ಪು ಬರೆದ ಈ ನ್ಯಾಯಮೂರ್ತಿ, 1979ರಲ್ಲಿ ಚರಣ್ ಸಿಂಗ್ ಸಂಪುಟದ ಕಾನೂನು ಸಚಿವರಾಗಿ ಮೂರೇ ದಿನಕ್ಕೆ ಬಿಟ್ಟರು. ನನ್ನ ಅಳತೆಯಲ್ಲಿ ಅದು ಅರ್ಧ ಮಿಲಿಮೀಟರೂ ಇಲ್ಲ, ರಟ್ಟನ್ನು ಅಷ್ಟು ಸಪೂರ ಕತ್ತರಿಸಲು ಸಾಧ್ಯವಿಲ್ಲ. ಕೊನೆಗೆ ಹೊಲಿಗೆಯ ಕೆಂಪು ನೂಲೊಂದನ್ನು ಮೇಲಿನಿಂದ ಕೆಳಕ್ಕೆ ಎಳೆದು ಅಂಟಿಸಿದೆ. ವಿದ್ಯಾರ್ಥಿಗಳು ಮೊದಲು ಬೆರಳಿಡುವುದು ಆ ನೂಲಿನ ಮೇಲೆಯೇ. ಇಸವಿಯ ಪಟ್ಟಿಯಲ್ಲಿ ಅದು ಯಾರ ಕಣ್ಣಿಗೂ ಬಿದ್ದಿರಲಿಲ್ಲ.

ಸಂಪುಟ ದರ್ಜೆಯಿಲ್ಲದೆ ಸ್ವತಂತ್ರ ನಿರ್ವಹಣೆಯಲ್ಲಿದ್ದ ರಾಜ್ಯ ಸಚಿವರಿಗೆ ಗೀಟು ಹಾಕಿದ ರಟ್ಟು. ತೊಂಬತ್ತರ ದಶಕದ ಎಚ್. ಆರ್. ಭಾರದ್ವಾಜ್, ರಮಾಕಾಂತ ಖಲಪ್, 2023ರಿಂದ ಅರ್ಜುನ್ ರಾಮ್ ಮೇಘವಾಲ್ ಈ ಸಾಲಿನವರು. ಭಾರದ್ವಾಜರು ಮುಂದೆ ನಮ್ಮ ರಾಜ್ಯಪಾಲರಾದರು. 1966–67ರಲ್ಲಿ ಸಚಿವರಾಗಿದ್ದ ಜಿ. ಎಸ್. ಪಾಠಕರೂ ಮೈಸೂರು ರಾಜ್ಯದ ರಾಜ್ಯಪಾಲರಾಗಿದ್ದರು. ಆ ಎರಡು ರಟ್ಟುಗಳ ಕೆಳಗೆ ಹಳದಿ ಚುಕ್ಕೆ ಇಟ್ಟಿದ್ದೇನೆ. ಮೂಡುಬಿದಿರೆಯ ವೀರಪ್ಪ ಮೊಯಿಲಿಯವರ 2009–11ರ ಹತ್ತೂವರೆ ಸೆಂಟಿಮೀಟರನ್ನೂ ಗೌಡರ ಎಂಟನ್ನೂ ನೀಲಿ ಮಾಡಿದ್ದು ಕರಾವಳಿಯವನ ಪಕ್ಷಪಾತವೆಂದು ಒಪ್ಪಿಕೊಳ್ಳುತ್ತೇನೆ. ಬೆನೆಗಲ್ ನರಸಿಂಗ ರಾಯರು ಎಲ್ಲಿ ಎಂದು ಕೇಳುವವರು ಈಗಲೂ ಇದ್ದಾರೆ. ಅವರು ಸಂವಿಧಾನ ಸಭೆಯ ಸಲಹೆಗಾರರೇ ಹೊರತು ಸಚಿವರಲ್ಲ.

ನಡುವೆ ಒಂದು ಹುಚ್ಚು ಪ್ರಯೋಗಕ್ಕೂ ಇಳಿದೆ. ಬ್ರಿಟಿಷರ ಕಾಲದ ಗವರ್ನರ್ ಜನರಲರ ಮಂಡಲಿಯಲ್ಲಿದ್ದ ಕಾನೂನು ಸದಸ್ಯರನ್ನೂ ಸೇರಿಸೋಣವೆಂದು 1834ರ ಮೆಕಾಲೆಯಿಂದ, 1909ರಲ್ಲಿ ಆ ಸ್ಥಾನಕ್ಕೆ ಬಂದ ಮೊದಲ ಭಾರತೀಯ ಸತ್ಯೇಂದ್ರ ಪ್ರಸನ್ನ ಸಿನ್ಹಾವರೆಗೆ ರಟ್ಟು ಕತ್ತರಿಸಿದ ಮೇಲೆ, 1947ರವರೆಗೆ ಹದಿನೆಂಟು ಅಡಿ ಗೋಡೆ ಬೇಕೆಂದು ತಿಳಿಯಿತು. ನಾನೂರು ರೂಪಾಯಿಯ ರಟ್ಟು ಬೀರುವಿನ ಮೇಲಿದೆ.

ಹೋದ ವರ್ಷ ಆಟಿಯ ಮಳೆಗೆ ಮೈದಾ ಅಂಟು ಬೂಷ್ಟು ಹಿಡಿದು ರಟ್ಟುಗಳೆಲ್ಲ ಸುರುಳಿ ಸುತ್ತಿದ್ದವು. ಎಲ್ಲವನ್ನೂ ಕಿತ್ತು ಮತ್ತೆ ಅಂಟಿಸಿದೆ. ಈಗ ಅಂಟಿಗೆ ಏನು ಬೆರೆಸುತ್ತೇನೆಂಬುದು ನನ್ನಲ್ಲಿಯೇ ಇರಲಿ. ಒಟ್ಟು ಖರ್ಚು ಐದು ಸಾವಿರದ ಹತ್ತಿರ, ಅರ್ಧ ನನ್ನ ಕಿಸೆಯದ್ದು.

ಮೇಘವಾಲರ ರಟ್ಟನ್ನು ಅಂಟಿಸದೆ ಗುಂಡುಪಿನ್ನಿನಲ್ಲಿ ಸಿಕ್ಕಿಸಿದ್ದೇನೆ. ಗೋಡೆ ಹದಿನಾಲ್ಕು ಅಡಿ. ಉಳಿದದ್ದು ಒಂದು ಅಡಿಗೆ ಸ್ವಲ್ಪ ಹೆಚ್ಚು, ಅಂದರೆ ಇನ್ನು ಏಳು ವರ್ಷದ ಜಾಗ. ಆಮೇಲೆ ಸ್ವಿಚ್‌ಬೋರ್ಡು.