ಫೆರ್ನಾಂಡಾ ಮೊಂಟೆನೆಗ್ರೋ ಅವರನ್ನು ನೋಡಿ ನಟನೆ ಕಲಿಯುವುದು ಹೇಗೆ?

ದಾವಣಗೆರೆಯಲ್ಲಿ ನನ್ನ ಹತ್ತಿರ ನಾಟಕ ಕಲಿಯಲು ಬರುವವರಿಗೆ ಮೊದಲು ತೋರಿಸುವುದು 1998ರ ಬ್ರೆಜಿಲ್ ಸಿನಿಮಾ ‘ಸೆಂಟ್ರಲ್ ಸ್ಟೇಷನ್’. ಬ್ರೆಜಿಲ್ ನಟಿ ಫೆರ್ನಾಂಡಾ 1929ರಲ್ಲಿ ರಿಯೋದಲ್ಲಿ ಹುಟ್ಟಿದವರು, ರಂಗದ ಮೇಲೆ ದಶಕಗಟ್ಟಲೆ ಪಳಗಿದವರು. ಈ ಸಿನಿಮಾದಲ್ಲಿ ಅವರು ಓದುಬರಹ ಬಾರದವರಿಗೆ ರೈಲು ನಿಲ್ದಾಣದಲ್ಲಿ ಪತ್ರ ಬರೆದುಕೊಡುವ ದೋರಾ. ಈ ಪಾತ್ರಕ್ಕೆ ಆಸ್ಕರ್ ನಾಮನಿರ್ದೇಶನವೂ ಬಂತು.

ಮೊದಲ ಸಲ ಕಥೆಗಾಗಿ ನೋಡಿ. ಎರಡನೇ ಸಲ ಸೌಂಡ್ ಪೂರ್ತಿ ಬಂದ್ ಮಾಡಿ. ದೋರಾ ಮುಖದ ಬೇಸರ ಕರಗುವುದು ಯಾವಾಗ? ಮೊದಲು ಕಣ್ಣಲ್ಲೋ, ಭುಜದಲ್ಲೋ? ಬರೆದಿಟ್ಟುಕೊಳ್ಳಿ.

ಆಮೇಲೆ ನಮ್ಮ ಬಸ್ ಸ್ಟ್ಯಾಂಡಿನಲ್ಲಿ ಅರ್ಧ ಗಂಟೆ ಸುಮ್ನೆ ಕೂತು ಅಜ್ಜಿಯರ ಕೈ ಗಮನಿಸಿ. ಗಂಟು ಹಿಡಿಯುವ ರೀತಿಯಲ್ಲೇ ಎಷ್ಟೊಂದು ಇದೆ, ಅಲ್ವಾ?

ಕಂಪನಿ ನಾಟಕದ ಊರು ನಮ್ಮದು, ದನಿ ಜಾಸ್ತಿ ಎತ್ತಿ ರೂಢಿ. ಒಮ್ಮೆ ನಿಮ್ಮ ಮಾತನ್ನು ಪಕ್ಕದವರಿಗಷ್ಟೇ ಕೇಳುವಂತೆ ಹೇಳಿ ನೋಡಿ.