ಬೆನ್ನನ್ನು ನಾನು ಮೊದಲು ಪಕ್ಕದಿಂದ ನೋಡುತ್ತೇನೆ

ಫಿಸಿಯೋಥೆರಪಿಗೆ ಬರುವವರು ಸಾಮಾನ್ಯವಾಗಿ ಕೇಳುವ ಪ್ರಶ್ನೆ, "ನನ್ನ ಬೆನ್ನು ನೆಟ್ಟಗಿದೆಯಾ?" ಹಿಂದಿನಿಂದ ನೋಡಿದರೆ ನೆಟ್ಟಗಿರಬೇಕು, ಪಕ್ಕದಿಂದ ನೋಡಿದರೆ ಇರಬಾರದು. ಕುತ್ತಿಗೆ ಒಳಬಾಗು, ಎದೆಯ ಹಿಂಭಾಗ ಹೊರಬಾಗು, ಸೊಂಟ ಮತ್ತೆ ಒಳಬಾಗು, ಅದರ ಕೆಳಗೆ ತ್ರಿಕಾಸ್ಥಿ (ಬೆನ್ನೆಲುಬಿನ ಬುಡದ ತ್ರಿಕೋನದ ಮೂಳೆ) ಹೊರಬಾಗು. ಬಾಗು ಇದೆಯೇ ಅನ್ನುವುದಕ್ಕಿಂತ, ಭಂಗಿ ಬದಲಿಸಿದಾಗ ಅದು ಬದಲಾಗುತ್ತದೆಯೇ ಅನ್ನುವುದೇ ನನಗೆ ಮುಖ್ಯ.

ಮೊದಲು ಬೆರಳಿಗೆ ಗುರುತು ಬೇಕು. ತಲೆ ಬಗ್ಗಿಸಲು ಹೇಳಿದರೆ ಕುತ್ತಿಗೆಯ ಬುಡದಲ್ಲಿ ಎರಡು ಮೂರು ಗುಬ್ಬಿಗಳು ಎದ್ದು ಕಾಣುತ್ತವೆ. ಇವುಗಳಲ್ಲಿ ಯಾವುದು ಸಿ7, ಅಂದರೆ ಕುತ್ತಿಗೆಯ ಏಳನೇ ಮತ್ತು ಕೊನೆಯ ಕಶೇರುಮಣಿ (ಬೆನ್ನೆಲುಬಿನ ಬಿಡಿ ಮೂಳೆ)? ಎರಡು ಗುಬ್ಬಿಗಳ ಮೇಲೆ ಒಂದೊಂದು ಬೆರಳಿಟ್ಟು, ತಲೆಯನ್ನು ನಿಧಾನವಾಗಿ ಹಿಂದಕ್ಕೆ ತರಲು ಹೇಳುತ್ತೇನೆ. ಮೇಲಿನ ಬೆರಳಿನಡಿಯ ಗುಬ್ಬಿ ಮುಂದಕ್ಕೆ ಜಾರಿ ಕೈತಪ್ಪಿದರೆ ಅದು ಸಿ6, ಅಲ್ಲಾಡದೆ ಉಳಿದದ್ದು ಸಿ7. ಅಲ್ಲಿಂದ ಕೆಳಗೆ ಎದೆಭಾಗದ 12 ಕಶೇರುಮಣಿ, ಸೊಂಟದ 5 (ಎಲ್1ರಿಂದ ಎಲ್5). ಎಣಿಸುತ್ತಾ ಇಳಿಯುವಾಗ ತಪ್ಪುವುದು ಸುಲಭ, ಅದಕ್ಕೇ ಕೆಳಗಿನಿಂದಲೂ ತಾಳೆ ನೋಡುತ್ತೇನೆ: ಎರಡೂ ಬದಿಯ ಪೆಲ್ವಿಸ್ (ಸೊಂಟದ ಕೆಳಗಿನ ಮೂಳೆಕಟ್ಟು) ಮೇಲಂಚನ್ನು ಸೇರಿಸುವ ಗೆರೆ ಸುಮಾರಾಗಿ ಎಲ್4ರ ಮಟ್ಟದಲ್ಲಿ ಹಾಯುತ್ತದೆ.

ಸೊಂಟದ ಬಾಗು ಜಾಸ್ತಿ ಅನಿಸಿದರೆ ನಾನು ಪೆಲ್ವಿಸ್ ನೋಡುತ್ತೇನೆ. ತ್ರಿಕಾಸ್ಥಿಯ ಮೇಲ್ಮೈ ಮುಂದಕ್ಕೆ ಇಳಿಜಾರು, ಎಲ್5 ಕೂತಿರುವುದು ಅದರ ಮೇಲೆ. ಪೆಲ್ವಿಸ್ ಮುಂದಕ್ಕೆ ವಾಲಿದಷ್ಟೂ ಇಳಿಜಾರು ಹೆಚ್ಚುತ್ತದೆ, ಮುಂಡ ನೆಟ್ಟಗಿರಬೇಕಾದರೆ ಸೊಂಟ ಇನ್ನಷ್ಟು ಒಳಬಾಗಲೇಬೇಕು. ಗೋಡೆಗೆ ಬೆನ್ನು ಕೊಟ್ಟು ನಿಲ್ಲಿಸಿ, ಸೊಂಟದ ಹಿಂದಿನ ಸಂದಿನಲ್ಲಿ ನನ್ನ ಅಂಗೈ ಇಟ್ಟು, ಪೆಲ್ವಿಸನ್ನು ಹಿಂದಕ್ಕೆ ಹೊರಳಿಸಲು ಹೇಳುತ್ತೇನೆ. ಕೈ ಅದುಮಿಕೊಂಡರೆ ಬಾಗು ಸಡಿಲ ಇದೆ ಎಂದರ್ಥ. "ಹೊಟ್ಟೆ ಒಳಗೆಳೆದುಕೊಳ್ಳಿ" ಎಂದು ಗದರಿಸುವುದಕ್ಕಿಂತ ಇದು ಎಷ್ಟೋ ವಾಸಿ.

ಎದೆಭಾಗ ಅಷ್ಟು ಸುಲಭಕ್ಕೆ ಒಗ್ಗುವುದಿಲ್ಲ. ಸೊಂಟದ ಬಾಗಿಗೆ ಮುಂದೆ ದಪ್ಪಗಿರುವ ಡಿಸ್ಕುಗಳೂ (ಕಶೇರುಮಣಿಗಳ ನಡುವಿನ ಮೆತ್ತೆಗಳು) ಕಾರಣ, ಇಲ್ಲಿ ಬಾಗು ಹೆಚ್ಚಾಗಿ ಮೂಳೆಯ ಆಕಾರದಲ್ಲೇ ಇದೆ, ಜೊತೆಗೆ ಪಕ್ಕೆಲುಬಿನ ಕಟ್ಟು ಬೇರೆ. ಗೂನು ಕಂಡರೆ ಬೋರಲು ಮಲಗಿಸಿ ತಲೆ, ಎದೆ ಎತ್ತಿಸುತ್ತೇನೆ. ನೇರವಾದರೆ ಅದು ಬಹುಮಟ್ಟಿಗೆ ಭಂಗಿಯ ಗೂನು, ವ್ಯಾಯಾಮ ಶುರು. ಹದಿಹರೆಯದವರಲ್ಲಿ ಜಗ್ಗದಿದ್ದರೆ ಎಕ್ಸ್‌ರೇಗೆ ಕಳಿಸುತ್ತೇನೆ, ಕಶೇರುಮಣಿಗಳೇ ಬೆಣೆಯ ಆಕಾರ ತಾಳಿರಬಹುದು.

ಹಿಂದಿನಿಂದ ನೋಡುವುದು ಕೊನೆಗೆ. ಮೊಣಕಾಲು ಮಡಚದೆ, ಅಂಗೈ ಜೋಡಿಸಿ ಮುಂದಕ್ಕೆ ಬಗ್ಗಿಸುತ್ತೇನೆ. ನನ್ನ ಕಣ್ಣು ಅವರ ಬೆನ್ನಿನ ಮಟ್ಟಕ್ಕೆ ಬರಬೇಕು, ನಿಂತು ನೋಡಿದರೆ ಏನೂ ತಿಳಿಯದು. ಒಂದು ಬದಿಯ ಪಕ್ಕೆ ಎದ್ದು ಕಂಡರೆ ಕಶೇರುಮಣಿಗಳು ಬರೀ ವಾಲಿಲ್ಲ, ತಿರುಚಿಕೊಂಡಿವೆ. ಕೂರಿಸಿ ಮತ್ತೆ ಬಗ್ಗಿಸುತ್ತೇನೆ. ಆಗ ಮಾಯವಾದರೆ ಕಾಲಿನ ಉದ್ದದ ವ್ಯತ್ಯಾಸ ಅಳೆಯುತ್ತೇನೆ. ಉಳಿದರೆ ಎಕ್ಸ್‌ರೇ. ಕಾಬ್ ಕೋನ (ಬೆನ್ನು ಪಕ್ಕಕ್ಕೆ ಎಷ್ಟು ಬಾಗಿದೆ ಎಂದು ಎಕ್ಸ್‌ರೇಯಲ್ಲಿ ಅಳೆಯುವ ಕೋನ) 10 ಡಿಗ್ರಿ ಮುಟ್ಟಿದರೆ ಅದನ್ನು ಸ್ಕೋಲಿಯೋಸಿಸ್ ಎನ್ನುತ್ತಾರೆ. ಬೆಳೆಯುವ ಮಕ್ಕಳಾದರೆ ಮೂಳೆತಜ್ಞರ ಬಳಿ ತಡಮಾಡದೆ ಕಳಿಸುತ್ತೇನೆ, ಎತ್ತರ ಬೇಗ ಬೇಗ ಏರುವ ವಯಸ್ಸಿನಲ್ಲೇ ಈ ಕೋನವೂ ಹೆಚ್ಚುವುದು.