ಜಮಾ-ಖರ್ಚು ಹಾಕಿ ಫಿಸಿಯಾಲಜಿ ಕಲಿತೆ: ನನ್ನ ಅನುಭವ

ಈ ಸಲ ನಾರ್ಸೆಟ್ (ಏಮ್ಸ್ ನಡೆಸುವ ನರ್ಸಿಂಗ್ ಆಫೀಸರ್ ನೇಮಕಾತಿ ಪರೀಕ್ಷೆ) ಪ್ರಿಲಿಮ್ಸ್ ಪಾಸಾಯ್ತು. ಬಾಡಿ ಫ್ಲೂಯಿಡ್ಸ್, ಕಿಡ್ನಿ, ಎಲೆಕ್ಟ್ರೊಲೈಟ್ಸ್ (ದೇಹದ ಲವಣಗಳು) ಪ್ರಶ್ನೆಗಳಲ್ಲಿ ಒಂದೆರಡು ಬಿಟ್ಟರೆ ಎಲ್ಲ ಸರಿ. "ಲೆಕ್ಕದ ಪುಸ್ತಕದಲ್ಲಿ ಯಾರಾದ್ರೂ ಫಿಸಿಯಾಲಜಿ ಓದ್ತಾರಾ ಅಕ್ಕಾ, ಸುಮ್ನೆ ಎಂಸಿಕ್ಯೂ ಹಾಕಿ" ಅಂದಿದ್ದ ರೂಮಿನ ಹುಡುಗಿಯರೇ ಈಗ ಅದರ ಝೆರಾಕ್ಸ್ ಕೇಳುತ್ತಿದ್ದಾರೆ.

ಅದಕ್ಕೂ ಮುಂಚೆ ದುಡ್ಡು ನೀರಿನ ಹಾಗೆ ಹೋಯ್ತು. ಕೋಚಿಂಗ್‌ಗೆ ಹದಿನೆಂಟು ಸಾವಿರದ ಹತ್ತಿರ. ನೈಟ್ ಡ್ಯೂಟಿ ಮುಗಿಸಿ ಓಡಿದರೆ ಅಲ್ಲಿ ಸ್ಲೈಡ್ ಓದಿ ಹೇಳುತ್ತಿದ್ದರು, ಅಷ್ಟೇ. ಅರ್ಧಕ್ಕೇ ಬಿಟ್ಟೆ, ಫೀಸು ವಾಪಸ್ ಬರಲಿಲ್ಲ. ಆಮೇಲೆ ಆ್ಯಪ್‌ಗೆ ಎರಡೂವರೆ ಸಾವಿರ. ಉತ್ತರ ಬಾಯಿಗೆ ಬಂತು, ಆದರೆ ಪ್ರಶ್ನೆ ಸ್ವಲ್ಪ ತಿರುಗಿಸಿ ಕೇಳಿದರೆ ಕೈಕೊಡುತ್ತಿತ್ತು. ತಪ್ಪಿಗೆ ಮೂರನೇ ಒಂದು ಅಂಕ ಕಟ್ ಬೇರೆ.

ಕೊನೆಗೆ ಮಂಡಿಪೇಟೆಯಿಂದ ಎಂಬತ್ತು ರೂಪಾಯಿಯ ಲೆಕ್ಕದ ಪುಸ್ತಕ ತಂದೆ. ಒಂದು ಅಂಗಕ್ಕೆ ಒಂದು ಪುಟ. ಎಡಕ್ಕೆ ಜಮಾ, ಬಲಕ್ಕೆ ಖರ್ಚು. ವಾರ್ಡ್‌ನಲ್ಲಿ ದಿನಾ ಬರೆಯುವ ಇನ್‌ಟೇಕ್-ಔಟ್‌ಪುಟ್ ಚಾರ್ಟನ್ನೇ (ರೋಗಿಯ ಒಳಗೆ ಹೋದ, ಹೊರಗೆ ಬಂದ ದ್ರವದ ಲೆಕ್ಕ) ಅಂಗದ ಒಳಗೆ ಒಯ್ದೆ. ತಾಳೆ ಆಗುವವರೆಗೆ ಪುಟ ತಿರುಗಿಸಬಾರದು, ಇದೊಂದೇ ನಿಯಮ.

ನನಗೆ ಎಲ್ಲ ತೆರೆದುಕೊಂಡಿದ್ದು ಹೊಟ್ಟೆ-ಕರುಳಿನ ಪುಟದಲ್ಲಿ. ಜಮಾ: ಬಾಯಿಂದ 2 ಲೀಟರ್, ಜೊಲ್ಲು 1.5, ಜಠರರಸ 2.5, ಪಿತ್ತ ಅರ್ಧ, ಪ್ಯಾಂಕ್ರಿಯಾಸ್ (ಮೇದೋಜೀರಕ ಗ್ರಂಥಿ) ರಸ 1.5, ಕರುಳಿನದೇ ರಸ 1. ಒಟ್ಟು 9. ಖರ್ಚು: ಸಣ್ಣ ಕರುಳಿನ ನಡುಭಾಗ ಜೆಜುನಮ್ ಐದೂವರೆ ಹೀರುತ್ತೆ, ಅದರ ಕೊನೆಭಾಗ ಇಲಿಯಮ್ 2, ದೊಡ್ಡ ಕರುಳು ಕೋಲನ್ 1.3. ಮಲದಲ್ಲಿ ಹೋಗೋದು ಬರೀ 200 ಎಂಎಲ್. ಕೂಡಿದರೆ 9 ಬಂತು! ಕಾಲರಾದಲ್ಲಿ ಮನುಷ್ಯ ಒಂದೇ ದಿನದಲ್ಲಿ ಯಾಕೆ ಬತ್ತಿಹೋಗುತ್ತಾನೆ ಅಂತ ಆ ಪುಟ ನೋಡಿದರೇ ಸಾಕು. ಯಾವ ಸಾಲು ಸೋರಿದೆ ಅಂತಲೂ ನೋಡಿ. ಜಠರದ ಸಾಲು ವಾಂತಿಯಲ್ಲಿ ಹೋದರೆ ಆ್ಯಸಿಡ್ ಹೋಯ್ತು, ಆಲ್ಕಲೋಸಿಸ್ (ರಕ್ತ ಕ್ಷಾರದ ಕಡೆ ವಾಲುತ್ತೆ). ಕೆಳಗಿನ ಸಾಲುಗಳು ಭೇದಿಯಲ್ಲಿ ಹೋದರೆ ಕ್ಷಾರವಾದ ಬೈಕಾರ್ಬೊನೇಟ್ ಹೋಯ್ತು, ಆ್ಯಸಿಡೋಸಿಸ್ (ರಕ್ತ ಆ್ಯಸಿಡ್ ಕಡೆ ವಾಲುತ್ತೆ). ಇದನ್ನು ಬಾಯಿಪಾಠ ಮಾಡೋ ಕಷ್ಟ ಅವತ್ತಿಗೇ ಮುಗೀತು.

ಕಿಡ್ನಿ ಪುಟ ಚಿಕ್ಕದು. ದಿನಕ್ಕೆ 180 ಲೀಟರ್ ಸೋಸುತ್ತೆ, ಮೂತ್ರ ಒಂದೂವರೆ, ಉಳಿದಿದ್ದೆಲ್ಲ ವಾಪಸ್. ಪ್ಲಾಸ್ಮಾ (ರಕ್ತದ ನೀರಿನ ಭಾಗ) ಇರೋದೇ 3 ಲೀಟರ್, ಅಂದರೆ ದಿನಕ್ಕೆ ಅರವತ್ತು ಸಲ ಸೋಸಿದ ಹಾಗಾಯ್ತು. ಸಿಎಸ್‌ಎಫ್ (ಮೆದುಳು-ಬೆನ್ನುಹುರಿ ಸುತ್ತಲಿನ ದ್ರವ) ಇರೋದು 150 ಎಂಎಲ್, ತಯಾರಾಗೋದು ದಿನಕ್ಕೆ 500. ಅದೂ ದಿನಕ್ಕೆ ಮೂರು ಸಲಕ್ಕಿಂತ ಜಾಸ್ತಿ ಬದಲಾಗುತ್ತೆ.

ರಜೆಯಲ್ಲಿ ನನ್ನ ಮೇಲೇ ಒಂದು ಪ್ರಯೋಗ ಮಾಡಿದೆ. ಬೆಳಗ್ಗೆ ಒಂದು ಲೀಟರ್ ಬರೀ ನೀರು ಕುಡಿದು ಅಳೆದೆ. ಎರಡು ಗಂಟೆಯಲ್ಲಿ ಸುಮಾರು 700 ಎಂಎಲ್ ಹೊರಗೆ, ಬಣ್ಣವೇ ಇಲ್ಲ. ಇನ್ನೊಂದು ರಜೆಯಲ್ಲಿ ಅದೇ ನೀರಿಗೆ 9 ಗ್ರಾಂ ಉಪ್ಪು. ಕುಡಿಯೋದೇ ಕಷ್ಟ. ಈ ಸಲ 200 ದಾಟಲಿಲ್ಲ. ಬರೀ ನೀರು ರಕ್ತವನ್ನು ತೆಳು ಮಾಡಿತು, ಎಡಿಎಚ್ (ನೀರು ಹಿಡಿದಿಡುವ ಹಾರ್ಮೋನು) ಇಳಿಯಿತು, ಕಿಡ್ನಿ ನೀರನ್ನು ಬಿಟ್ಟುಬಿಟ್ಟಿತು. ಉಪ್ಪುನೀರು ಡ್ರಿಪ್‌ಗೆ ಹಾಕುವ ನಾರ್ಮಲ್ ಸಲೈನ್ ಇದ್ದ ಹಾಗೆ, ರಕ್ತವನ್ನು ಹಾಗೆ ತೆಳು ಮಾಡಲಿಲ್ಲ, ಒಳಗೇ ಕೂತಿತು. ಬಿಪಿ ಇರುವವರಂತೂ ಇದನ್ನು ಮಾಡಲೇಬೇಡಿ. ಮಂಡಕ್ಕಿ-ಮಿರ್ಚಿ ತಿಂದ ಮಾರನೇ ದಿನ ತೂಕ ಯಾಕೆ ಏರುತ್ತೆ ಅನ್ನೋದೂ ಇದರಲ್ಲೇ ಗೊತ್ತಾಯ್ತು, ಅಲ್ವಾ?

ಪೊಟ್ಯಾಸಿಯಂ ಪುಟ ಹಾಕುವ ರೀತಿ, ಎಬಿಜಿ (ರಕ್ತದ ಆ್ಯಸಿಡ್-ಗ್ಯಾಸ್ ಪರೀಕ್ಷೆ) ಓದಲು ನಾನು ಹಾಕುವ ಅಡ್ಡಗೆರೆ, ಇವೆರಡನ್ನು ಇಲ್ಲಿ ಬರೆಯೋಲ್ಲ. ಮೇನ್ಸ್ ಇನ್ನೂ ಇದೆ. ಈಗ ಹಾರ್ಟ್ ಪುಟ ನಡೀತಿದೆ: ನಿಮಿಷಕ್ಕೆ 5 ಲೀಟರ್, ಅದರಲ್ಲಿ ಐದನೇ ಒಂದು ಭಾಗ ಕಿಡ್ನಿಗೇ. ಉಳಿದ ನಾಲ್ಕು ಭಾಗ ಇನ್ನೂ ತಾಳೆ ಆಗಬೇಕು.